ಸ್ವೈರವೂ ಸ್ವಾತಂತ್ರ್ಯವೂ

ಸ್ವಾತಂತ್ರ್ಯವೆಂಬ ಶಬ್ದವನ್ನು ಈ ಕಾಲದಲ್ಲಿ ನುಡಿಯದವರಿಲ್ಲ. ಅದರ ಅರ್ಥವನ್ನು ವಿಚಾರಿಸಿ ನುಡಿಯುವವರು ಮಾತ್ರ ವಿರಳ. ಪರರ ಆಳಿಕೆಯನ್ನು ನೀಗಲು ನಮ್ಮ ಹಿರಿಯರು ಸೆರೆಮನೆಗಳನ್ನು ತುಂಬಿದ ದಿನಗಳಲ್ಲಿ ಆ ಶಬ್ದಕ್ಕೆ ಒಂದು ತೂಕವಿದ್ದಿತು. ಅದನ್ನು ಬಾಯಿಂದ ಆಡುವವನು ಏನನ್ನಾದರೂ ತ್ಯಜಿಸಲು ಸಿದ್ಧನಾಗಿರಬೇಕಾಗುತ್ತಿತ್ತು. ಈಗಲೋ, ಏನನ್ನೂ ತ್ಯಜಿಸಲೊಲ್ಲದವನ ಬಾಯಲ್ಲಿಯೇ ಅದು ಹೆಚ್ಚಾಗಿ ಕೇಳಬರುತ್ತಿದೆ. "ದೇಹ ನನ್ನದು, ದುಡ್ಡು ನನ್ನದು, ಮನಸ್ಸಿಗೆ ಬಂದಂತೆ ಸುಖಪಡುವೆನು, ಕೇಳುವವರಾರು?" ಎಂಬದೇ ಸ್ವಾತಂತ್ರ್ಯದ ಸಾರವೆಂದು ಕಲಿತವರೂ ನಂಬತೊಡಗಿದ್ದಾರೆ. ಈ ನಡತೆಗೆ ನಮ್ಮ ಭಾಷೆಯಲ್ಲಿ ಬೇರೆ ಹೆಸರೊಂದು ಮೊದಲಿನಿಂದಲೂ ಇದೆ, ಅದು ಸ್ವೈರ. ಸ್ವೈರಕ್ಕೂ ಸ್ವಾತಂತ್ರ್ಯಕ್ಕೂ ಇರುವ ಅಂತರವೆಷ್ಟೆಂಬದನ್ನು ಇಂದು ವಾಚಕರ ಮುಂದಿಡಬೇಕೆಂದು ನಾವು ಮನಸ್ಸು ಮಾಡಿದ್ದೇವೆ. ಗ್ರಂಥಗಳ ಆಧಾರದಿಂದ ಇದನ್ನು ವಾದಿಸಿದರೆ ವಾದವೇ ಬೆಳೆದೀತು. ಆದಕಾರಣ ನಮ್ಮ ಕಣ್ಣಮುಂದಿರುವ ಒಂದು ಸೀಮೆಯನ್ನು, ಎಂದರೆ ಘಟಪ್ರಭೆಯ ದಂಡೆಯ ಗೋಕಾಕ ನಾಡನ್ನು ಇಟ್ಟುಕೊಂಡು ವಿಚಾರ ಮಾಡುವದು ಲೇಸು.

ಮೊದಲು ಒಂದು ಸಂಶಯವನ್ನು ನಿವಾರಿಸಬೇಕು. ಇಂದ್ರಿಯನಿಗ್ರಹದ ಮಾತೆತ್ತಿದ ಕೂಡಲೆ, ಇವರು ಜನರನ್ನೆಲ್ಲ ಕಾವಿ ಉಡಿಸಿ ಗವಿಗೆ ಅಟ್ಟಲು ಹೊರಟಿದ್ದಾರೆಂದು ಕೆಲವರು ಗಾಬರಿಯಾಗುವರು. ನಮ್ಮ ಮತವು ಹಾಗಿಲ್ಲ. ಗೋಕಾಕವೆಂದರೆ ಕರದಂಟನ್ನು ನೆನೆಯದವರಾರು? ಅಂಟನ್ನು ತುಪ್ಪದಲ್ಲಿ ಕರಿದು, ಬೆಲ್ಲದ ಪಾಕದಲ್ಲಿ ಕೊಬ್ಬರಿ, ಗೋಡಂಬಿ, ಉತ್ತತ್ತಿಗಳೊಡನೆ ಬೆರೆಸಿ ಕಟ್ಟಿದ ಆ ತಿನಿಸನ್ನು ಮಾಡಿದವರು ನಾಲಿಗೆಯ ವೈರಿಗಳಾಗಿರಲಿಲ್ಲ. ಬಾಣಂತಿಗೆ ಬಲ ಬರಲೆಂದೂ ಗರಡಿಯ ಪೈಲವಾನನ ಮೈ ಗಟ್ಟಿಯಾಗಲೆಂದೂ ನಮ್ಮ ನಾಡಿನ ಮನೆಗಳಲ್ಲಿ ಅಂಟಿನ ಉಂಡಿಗಳನ್ನು ಕಟ್ಟುವ ವಾಡಿಕೆಯಿದೆ. ಪೈಲವಾನನು ತುಪ್ಪ ಬಾದಾಮಿಗಳನ್ನು ನಮಗಿಂತ ಹೆಚ್ಚಾಗಿಯೇ ತಿನ್ನುತ್ತಾನೆ. ಆದರೆ ಬೆಳಗಿನ ಜಾವಕ್ಕೆದ್ದು ಸಾಮು ಮಾಡುತ್ತಾನೆ, ಕೆಮ್ಮಣ್ಣಿನಲ್ಲಿ ಹೊರಳುತ್ತಾನೆ, ಉಸ್ತಾದನ ಮಾತಿಗೆ ತಲೆಬಾಗುತ್ತಾನೆ. ಅವನ ಉಣಿಸು ಒಂದು ಗುರಿಗೆ ಒಳಪಟ್ಟಿದೆ. ದಿನವಿಡೀ ಗಾದಿಯ ಮೇಲೆ ಕುಳಿತು ಅದನ್ನೇ ಮೆಲ್ಲುವವನಿಗೆ ಅದೇ ಪದಾರ್ಥವು ರೋಗವಾಗಿ ಪರಿಣಮಿಸುವದು. ಪದಾರ್ಥದಲ್ಲಿ ಪಾಪವಿಲ್ಲ, ಅದನ್ನು ಆಳುವವರು ನಾವೋ, ನಮ್ಮನ್ನು ಆಳುವದು ಅದೋ ಎಂಬದಷ್ಟೇ ಪ್ರಶ್ನೆ. ಕಲ್ಯಾಣದ ಶರಣರು ದೇಹವನ್ನು ಹಳಿಯಲಿಲ್ಲ. ಅದನ್ನು ದೇಗುಲವೆಂದು ಭಾವಿಸಿ ಕಾಯಕಕ್ಕೆ ಹಚ್ಚಿದರು. ದೇಗುಲವನ್ನು ಕೆಡವುವವನು ಹೇಗೆ ಭಕ್ತನಲ್ಲವೋ, ಅದನ್ನು ಧರ್ಮಛತ್ರದಂತೆ ಕಂಡಕಂಡವರಿಗೆ ತೆರೆದಿಡುವವನೂ ಹಾಗೆಯೇ ಭಕ್ತನಲ್ಲ.

ಗೋಕಾಕದ ನದಿಯೂ ಈ ಪಾಠವನ್ನೇ ಹೇಳುತ್ತಿದೆ. ಘಟಪ್ರಭೆಯು ಅಲ್ಲಿ ಸುಮಾರು 170 ಅಡಿ ಆಳಕ್ಕೆ ಧುಮ್ಮಿಕ್ಕುತ್ತದೆ. ಎಷ್ಟು ಶತಮಾನಗಳಿಂದಲೋ ಆ ಬಲವೆಲ್ಲ ಬಂಡೆಗಲ್ಲುಗಳ ಮೇಲೆ ಬಿದ್ದು ಹನಿಯಾಗಿ ಹಾರಿಹೋಗುತ್ತಿತ್ತು. 1887ರ ಸುಮಾರಿಗೆ ಅದರ ಒಂದು ಪಾಲನ್ನು ಕಟ್ಟಿನೊಳಗೆ ಹಿಡಿದು ತಿರುಗಿಸಿದ ಮೇಲೆ ಅಲ್ಲಿ ನೂಲಿನ ಗಿರಣಿಯು ನಡೆಯಿತು. ಧೂಪದಾಳದ ಒಡ್ಡಿನಿಂದಲೂ ಹಿಡಕಲ್ಲಿನ ಜಲಾಶಯದಿಂದಲೂ ಕಾಲುವೆಗಳು ಹೊರಟು ಬರಡು ಹೊಲಗಳು ಕಬ್ಬು ಗೋವಿನಜೋಳಗಳನ್ನು ಬೆಳೆದವು. ಒಡ್ಡು ಹಾಕಿದ್ದರಿಂದ ನದಿಯು ಸತ್ತಿತೇ? ಇಲ್ಲ, ಅದರ ಬಲವು ಬಾಳಿಗೆ ಬಂದಿತು. ದಂಡೆಯನ್ನು ಮೀರಿದಾಗ ಏನಾಗುವದೆಂಬದನ್ನು 2019ರ ಆಗಸ್ಟಿನಲ್ಲಿ ಪ್ರವಾಹವು ಗೋಕಾಕ ಪಟ್ಟಣದೊಳಗೆ ನುಗ್ಗಿ ಮನೆಮಾರುಗಳನ್ನು ಮುಳುಗಿಸಿದಾಗ ಜನರು ಕಣ್ಣಾರೆ ಕಂಡರು. ಮನುಷ್ಯನ ಕಾಮನೆಗಳ ಗತಿಯೂ ಇದಕ್ಕಿಂತ ಬೇರೆಯಲ್ಲ. ಮೀರಿ ಹರಿದ ನೀರಿಗೆ ತನ್ನ ದಾರಿಯ ಮೇಲೆ ತನ್ನದೇ ಅಧಿಕಾರವಿರುವದಿಲ್ಲ. ತಗ್ಗು ಕಂಡತ್ತ ಹೋಗುವದೊಂದೇ ಅದಕ್ಕೆ ಗೊತ್ತು. ಬೇಡವೆನ್ನಲು ಶಕ್ತಿಯಿಲ್ಲದವನು ಬೇಕೆಂದು ಹೇಳಿದ್ದಕ್ಕೆ ಬೆಲೆಯೇನು?

ನಮ್ಮ ರಾಷ್ಟ್ರೀಯ ಆಂದೋಲನವು ಈ ತತ್ತ್ವವನ್ನು ಆರಂಭದಲ್ಲಿಯೇ ಗುರುತಿಸಿತ್ತು. ಸ್ವರಾಜ್ಯವೆಂದರೆ ತನ್ನ ಮೇಲೆ ತಾನು ನಡೆಸುವ ರಾಜ್ಯವೆಂದು ಮಹಾತ್ಮಾ ಗಾಂಧಿಯವರು 1909ರಲ್ಲಿ ಬರೆದ 'ಹಿಂದ್ ಸ್ವರಾಜ್'ದಲ್ಲಿ ಪ್ರತಿಪಾದಿಸಿದರು. ಅದೇ ಗಾಂಧಿಯವರು 1924ರ ಡಿಸೆಂಬರದಲ್ಲಿ ಬೆಳಗಾವಿಯ ಕಾಂಗ್ರೆಸ್ಸಿನ ಅಧ್ಯಕ್ಷಪೀಠವನ್ನೇರಿದರು. 1937ರ ಎಪ್ರಿಲ್ ತಿಂಗಳಲ್ಲಿ ಗಾಂಧಿ ಸೇವಾ ಸಂಘದ ಸಭೆಗಾಗಿ, ಗಂಗಾಧರರಾವ ದೇಶಪಾಂಡೆಯವರು ಖಾದಿಯ ಕೇಂದ್ರವನ್ನಾಗಿ ಮಾಡಿದ ಹುದಲಿಗೆ ಬಂದು ತಂಗಿದರು. ಸೇವಾದಳವನ್ನು ಕಟ್ಟಿದ ಡಾ. ನಾ. ಸು. ಹರ್ಡೀಕರರು ಗೋಕಾಕ ತಾಲೂಕಿನ ಘಟಪ್ರಭೆಯ ಆರೋಗ್ಯಧಾಮದಲ್ಲಿದ್ದು ಸೇವೆ ಮಾಡಿದರು. ಸ್ವಯಂಸೇವಕನಿಗೆ ಅವರು ಮೊದಲು ಕಲಿಸಿದ್ದು ಶಿಸ್ತನ್ನು. ತನ್ನ ನಿದ್ದೆಯನ್ನು ಗೆಲ್ಲಲಾರದವನು ಸಾಮ್ರಾಜ್ಯವನ್ನು ಗೆಲ್ಲಲಾರನೆಂಬದು ಆ ಪೀಳಿಗೆಗೆ ಚೆನ್ನಾಗಿ ತಿಳಿದಿತ್ತು. ರಾಜಕೀಯ ಸ್ವಾತಂತ್ರ್ಯವು 1947ರಲ್ಲಿ ಕೈಸೇರಿತು. ಆದರೆ ಉಳಿದ ಅರ್ಧವನ್ನು ಪ್ರತಿಯೊಬ್ಬನೂ ತನ್ನೊಳಗೆ ಗಳಿಸಬೇಕಾಗಿತ್ತು. ಅದು ಗಳಿಸದೆ ಉಳಿದುದರ ಫಲವನ್ನು ಯಾರು ಉಂಡರು? ಇದೇ ನಮ್ಮ ಲೇಖನದ ಮುಖ್ಯ ಪ್ರಶ್ನೆ.

ಸ್ವೈರವನ್ನು ಸಮರ್ಥಿಸುವವರು ಯಾವಾಗಲೂ ಒಂದು ಮಾತನ್ನು ಮುಂದೊಡ್ಡುವರು: "ನನ್ನ ಸುಖದಿಂದ ಯಾರಿಗೇನು ನಷ್ಟ?" ಈ ಪ್ರಶ್ನೆಗೆ ಉತ್ತರ ಬೇಕಾದವರು ಗೋಕಾಕ, ಹುಕ್ಕೇರಿ, ರಾಯಬಾಗ, ಅಥಣಿಗಳ ಹಳ್ಳಿಗಳ ಚರಿತ್ರೆಯನ್ನು ನೋಡಬೇಕು. ಸವದತ್ತಿಯ ಎಲ್ಲಮ್ಮನ ಹೆಸರಿನಲ್ಲಿ ಎಳೆಯ ಹುಡುಗಿಯರಿಗೆ ಮುತ್ತು ಕಟ್ಟುವ ಪದ್ಧತಿಯು ಈ ಸೀಮೆಯಲ್ಲಿ ತಲೆತಲಾಂತರದಿಂದ ನಡೆದುಬಂದಿತು. ಕೂದಲು ಜಡೆಗಟ್ಟಿದರೆ ಅದು ದೇವಿಯ ಕರೆ. ಮನೆಯಲ್ಲಿ ಬೇನೆ ಬಿದ್ದರೆ ಅದು ದೇವಿಯ ಮುನಿಸು. ಗಂಡು ಸಂತಾನವಿಲ್ಲದಿದ್ದರೆ ಮಗಳನ್ನೇ ಮಗನ ಸ್ಥಾನದಲ್ಲಿ ಉಳಿಸಿಕೊಳ್ಳಲು ಅದೇ ದಾರಿ. ಹೀಗೆ ಬಡತನ, ಭಯ, ಅಜ್ಞಾನಗಳು ಮೂರೂ ಕೂಡಿ ಮಗುವಿನ ಕೊರಳಿಗೆ ಕೆಂಪು ಬಿಳಿ ಮಣಿಗಳ ಸರವನ್ನು ಹಾಕಿದವು. ಆ ಮಕ್ಕಳಲ್ಲಿ ಬಹುತೇಕರು ದಲಿತ ಕೇರಿಗಳವರು. ಸರವನ್ನು ಕಟ್ಟುವಾಗ ದೇವಿಯ ಹೆಸರು; ಹುಡುಗಿಯು ಮೈನೆರೆದ ಮೇಲೆ ಬರುವವನೋ ಊರಿನ ಉಳ್ಳವನು. ಅವನಿಗೆ ಮದುವೆಯ ಹೊಣೆಯಿಲ್ಲ, ಹುಟ್ಟಿದ ಮಗುವಿಗೆ ಹೆಸರು ಕೊಡುವ ಹೊಣೆಯಿಲ್ಲ. ಮುಪ್ಪು ಬಂದ ಮೇಲೆ ಅವಳ ಗತಿಯೇನೆಂಬ ಚಿಂತೆಯೂ ಇಲ್ಲ. ಒಬ್ಬನ ಸ್ವೈರಕ್ಕೆ ಇನ್ನೊಬ್ಬಳ ಆಯುಷ್ಯವೆಲ್ಲ ತೆರಿಗೆಯಾಗಿ ಸಂದಾಯವಾಯಿತು. ಇಷ್ಟಾಗಿಯೂ ಆ ಮನುಷ್ಯನು ಊರಲ್ಲಿ ಮರ್ಯಾದಸ್ಥನಾಗಿಯೇ ಉಳಿದನು. ಕೆಟ್ಟ ಹೆಸರು ಬಂದುದು ಅವಳಿಗೆ.

ಇದು ಧರ್ಮವೆಂದು ಹೇಳುವವರಿಗೆ ನಾವು ಒಂದೇ ಮಾತು ಹೇಳುವೆವು. ಭೋಗವು ತನ್ನ ಹೆಸರನ್ನೇ ಹೇಳಿಕೊಂಡು ಬಂದರೆ ಅದನ್ನು ಎದುರಿಸುವದು ಸುಲಭ. ದೇವರ ಹೆಸರನ್ನು ಹೊದ್ದು ಬಂದಾಗ ಅದನ್ನು ಗುರುತಿಸುವದೇ ಕಠಿಣವಾಗುತ್ತದೆ. ಗೋಕಾಕ ತಾಲೂಕಿನ ಮಲಾಮರಡಿಯಲ್ಲಿ ಹುಟ್ಟಿದ ಕಾದಂಬರಿಕಾರ ಬಸವರಾಜ ಕಟ್ಟೀಮನಿಯವರು 'ಜರತಾರಿ ಜಗದ್ಗುರು'ವಿನಂಥ ಕೃತಿಗಳಲ್ಲಿ ಧರ್ಮದ ಮುಸುಕಿನೊಳಗಿನ ಭೋಗಲಾಲಸೆಯನ್ನು ಬಯಲಿಗೆಳೆದುದು ಇದೇ ಕಾರಣಕ್ಕಾಗಿ ಜನರ ಮನಸ್ಸಿಗೆ ನಾಟಿತು. 1921ರಲ್ಲಿ ಆಂಧ್ರದ ಕಾಕಿನಾಡಿನಲ್ಲಿ ಇಂಥ ಸೋದರಿಯರನ್ನು ಕಂಡು ಮಾತಾಡಿದ ಗಾಂಧಿಯವರು ತಪ್ಪಿನ ಹೊರೆಯನ್ನು ಅವರ ಮೇಲೆ ಹೊರಿಸಲಿಲ್ಲ; ಗಂಡಸರ ಮೇಲೆ ಹೊರಿಸಿ, ನಾಚಬೇಕಾದವರು ನಾವೆಂದು ಬರೆದರು. ಈ ನ್ಯಾಯವನ್ನು ನಮ್ಮ ಸಮಾಜವು ಅಂದು ಒಪ್ಪಿಕೊಂಡಿದ್ದರೆ ಕಾಯಿದೆಗಳ ಅವಶ್ಯಕತೆಯೇ ಬೀಳುತ್ತಿರಲಿಲ್ಲ.

ಕಾಯಿದೆಗಳು ಬಂದವು. ಗೋಕಾಕವು ಮುಂಬಯಿ ಇಲಾಖೆಗೆ ಸೇರಿದ್ದಾಗ 1934ರಲ್ಲಿ ದೇವದಾಸಿಯರ ರಕ್ಷಣೆಯ ಕಾಯಿದೆಯಾಯಿತು. ಕರ್ನಾಟಕದಲ್ಲಿ 1982ರ ದೇವದಾಸಿ ಸಮರ್ಪಣ ನಿಷೇಧ ಕಾಯಿದೆಯು 1984ರಲ್ಲಿ ಜಾರಿಗೆ ಬಂದಿತು. ಅದರ ಪ್ರಕಾರ ಮುತ್ತು ಕಟ್ಟುವ ವಿಧಿಯನ್ನು ನಡೆಸಿದವರಿಗೂ ಅದರಲ್ಲಿ ಪಾಲುಗೊಂಡವರಿಗೂ ಕುಮ್ಮಕ್ಕು ಕೊಟ್ಟವರಿಗೂ ಮೂರು ವರ್ಷಗಳವರೆಗೆ ಸೆರೆವಾಸ; ತಂದೆತಾಯಿ, ಪೋಷಕರು, ಬಂಧುಗಳೇ ಮಾಡಿಸಿದ್ದರೆ ಎರಡರಿಂದ ಐದು ವರ್ಷ. ಈ ಶಿಕ್ಷೆಯು ತಪ್ಪೆಂದು ನಾವು ಹೇಳುವದಿಲ್ಲ. ಆದರೆ ವಾಚಕರು ಒಂದು ಸಂಗತಿಯನ್ನು ಗಮನಿಸಬೇಕು: ಬಡ ತಾಯಿಗೆ ಹೆಚ್ಚಿನ ಶಿಕ್ಷೆ, ವಿಧಿಯು ಮುಗಿದು ವರ್ಷಗಳು ಕಳೆದ ಮೇಲೆ ಬಾಗಿಲಿಗೆ ಬಂದ ಉಳ್ಳವನಿಗೆ ಆ ಕಲಮಿನಲ್ಲಿ ಹೆಸರೇ ಇರಲಿಲ್ಲ. ಮಾರಿದವರನ್ನು ಹಿಡಿದು ಕೊಂಡವನನ್ನು ಬಿಟ್ಟರೆ ಸಂತೆಯು ನಿಂತೀತೇ? ಕಾಯಿದೆಯಾಗಿ ಒಂದು ದಶಕ ಕಳೆದ ಮೇಲೆ 1993-94ರಲ್ಲಿ ಸರಕಾರವು ಸಮೀಕ್ಷೆ ಮಾಡಿಸಿದಾಗ ರಾಜ್ಯದಲ್ಲಿ 22,873 ದೇವದಾಸಿಯರು ಲೆಕ್ಕಕ್ಕೆ ಸಿಕ್ಕರು. 2007-08ರ ಎರಡನೆಯ ಸಮೀಕ್ಷೆಯಲ್ಲಿ ಇನ್ನೂ 23,787 ಜನರು ಸೇರಿ ಒಟ್ಟು ಸಂಖ್ಯೆಯು 46,660ಕ್ಕೆ ಏರಿತು. ಅಂಕಿಗಳನ್ನು ಓದುವಾಗ ಅಧಿಕಾರಿಗಳು ಒಂದನ್ನು ಮರೆಯಬಾರದು. ಒಂದೊಂದು ಅಂಕಿಯ ಹಿಂದೆಯೂ ಲೆಕ್ಕಕ್ಕೆ ಸಿಗದ ಗಂಡಸನೊಬ್ಬನಿದ್ದಾನೆ.

ಹಾಗಾದರೆ ಬಿಡುಗಡೆಯು ಎಲ್ಲಿಂದ ಬಂದಿತು? ಭೋಗಿಗಳು ಮನಸ್ಸು ಕರಗಿ ತಾವಾಗಿ ಬಿಟ್ಟುದರಿಂದ ಬರಲಿಲ್ಲ. ಕೇವಲ ಕಚೇರಿಯ ಹುಕುಮಿನಿಂದಲೂ ಬರಲಿಲ್ಲ. 1990ರ ದಶಕದ ಆರಂಭದಿಂದ ಬೆಳಗಾವಿ ಜಿಲ್ಲೆಯಲ್ಲಿ 'ಮೈರಾಡ' ಸಂಸ್ಥೆಯು ಸರಕಾರದ ನೆರವಿನೊಡನೆ ಈ ಮಹಿಳೆಯರ ನಡುವೆ ಕೆಲಸ ಮಾಡಿತು. ಅದರ ಫಲವಾಗಿ 1997ರಲ್ಲಿ ಅವರದೇ ಸಂಘಟನೆಯಾದ ಮಹಿಳಾ ಅಭಿವೃದ್ಧಿ ಮತ್ತು ಸಂರಕ್ಷಣಾ ಸಂಸ್ಥೆಯು ಹುಟ್ಟಿ, ಘಟಪ್ರಭೆಯಲ್ಲಿ ನೆಲೆಯೂರಿತು. ಯಾರ ಕೊರಳಿಗೆ ಮುತ್ತು ಕಟ್ಟಿದ್ದರೋ ಅವರೇ ಈ ಸಂಸ್ಥೆಯ ಸದಸ್ಯರು, ಅವರೇ ನಡೆಸುವವರು. ಕೇರಿಯಲ್ಲಿ ಯಾವ ಮನೆಯ ಹುಡುಗಿಗೆ ಮುತ್ತು ಕಟ್ಟುವ ಸನ್ನಾಹ ನಡೆದಿದೆಯೆಂಬ ಸುದ್ದಿಯು ಪೋಲೀಸರಿಗಿಂತ ಮೊದಲು ಇವರಿಗೆ ಮುಟ್ಟುತ್ತಿತ್ತು, ಹೋಗಿ ತಡೆಯುತ್ತಿದ್ದರು. ಸಂಘಗಳನ್ನು ಕಟ್ಟಿ ದುಡ್ಡು ಕೂಡಿಹಾಕಿದರು, ಆಡು ಎಮ್ಮೆಗಳನ್ನು ಸಾಕಿದರು, ಮಕ್ಕಳನ್ನು ಶಾಲೆಗೆ ಹಚ್ಚಿದರು. ಬಾಲ್ಯದಲ್ಲಿಯೇ ಸಮರ್ಪಿತರಾಗಿ, ಮುಂದೆ ಈ ಸಂಸ್ಥೆಯ ನೇತೃತ್ವ ವಹಿಸಿದ ಸೀತವ್ವ ಜೋಡಟ್ಟಿಯವರಿಗೆ 2018ರಲ್ಲಿ ಪದ್ಮಶ್ರೀ ಪ್ರಶಸ್ತಿಯು ಲಭಿಸಿದುದು ವಾಚಕರಿಗೆ ನೆನಪಿರಬಹುದು.

ಈ ಕಾರ್ಯವನ್ನು ಸಮಾಜಸುಧಾರಣೆಯೆಂದು ಎಲ್ಲರೂ ಒಪ್ಪುವರು. ಇದನ್ನು ಆಧ್ಯಾತ್ಮಿಕ ಉನ್ನತಿಯೆಂದೂ ಕರೆಯಬೇಕೆಂಬದು ನಮ್ಮ ಅಭಿಪ್ರಾಯ. ಅಧ್ಯಾತ್ಮದ ಮೊದಲನೆಯ ಮೆಟ್ಟಿಲು ಅಭಯ. ಜಡೆಗಟ್ಟಿದ ಕೂದಲನ್ನು ಕತ್ತರಿಸಿದರೆ ರಕ್ತ ಕಾರಿ ಸಾಯುವೆನೆಂದು ನಂಬಿದ ಹೆಣ್ಣುಮಗಳು ಕತ್ತರಿಗೆ ತಲೆಯೊಡ್ಡಿದ ಗಳಿಗೆಯಲ್ಲಿ, ದೇವಿಯು ಶಪಿಸಿಯಾಳೆಂದು ಹೆದರಿದ ತಾಯಿಯು ಮಗಳ ಕೊರಳಿನ ಸರವನ್ನು ಬಿಚ್ಚಿದ ಗಳಿಗೆಯಲ್ಲಿ ಆದ ಬಿಡುಗಡೆಯು ಯಾವ ತಪಸ್ವಿಯ ಸಿದ್ಧಿಗಿಂತ ಕಡಿಮೆಯದು? ಅವರು ದೇವರನ್ನು ಬಿಡಬೇಕಾಗಲಿಲ್ಲ. ದೇವರ ಹೆಸರಿನಲ್ಲಿ ತಮ್ಮ ಮೇಲೆ ಕುಳಿತ ಮನುಷ್ಯರ ಭಯವನ್ನು ಬಿಟ್ಟರು. ಇತ್ತ ಭೋಗವನ್ನೇ ಸ್ವಾತಂತ್ರ್ಯವೆಂದು ಬಗೆದ ಉಳ್ಳವನು ಮುಪ್ಪಿನವರೆಗೂ ತನ್ನ ಚಾಳಿಗೆ ದಾಸನಾಗಿಯೇ ಉಳಿದನು. ದಾಸಿಯೆಂದು ಕರೆಯಿಸಿಕೊಂಡವಳು ಸ್ವತಂತ್ರಳಾದಳು, ಧಣಿಯೆಂದು ಕರೆಯಿಸಿಕೊಂಡವನು ಆಗಲಿಲ್ಲ.

ಇದಕ್ಕೆ ಆಕ್ಷೇಪಣೆಗಳಿಲ್ಲವೆಂದಲ್ಲ. ಇದೆಲ್ಲ ಬಡತನದ ಫಲ, ಭೋಗದ ಮೇಲೇಕೆ ಕೋಪವೆಂದು ಕೆಲವು ವಿದ್ಯಾವಂತರು ಕೇಳುವರು. ಬಡತನವು ಕಾರಣವೆಂಬದು ನಿಜ. ಆದರೆ ಬಡತನವು ಮಗಳನ್ನು ಹೊಸ್ತಿಲವರೆಗೆ ಮಾತ್ರ ತಂದು ನಿಲ್ಲಿಸುತ್ತದೆ. ಅಲ್ಲಿಂದ ಅವಳನ್ನು ಕೊಂಡೊಯ್ಯುವದು ಹೊಟ್ಟೆ ತುಂಬಿದವನ ಹಸಿವು. ಇನ್ನು ಕೆಲವರು, ಸಮರ್ಪಿತಳಾದವಳಿಗೆ ತವರಿನ ಆಸ್ತಿಯಲ್ಲಿ ಗಂಡುಮಗನಂತೆ ಪಾಲು ದೊರೆಯುತ್ತಿದ್ದಿತಲ್ಲ, ಮದುವೆಯಾದವಳಿಗಿಂತ ಅವಳೇ ಸ್ವತಂತ್ರಳಲ್ಲವೇ ಎನ್ನುವರು. ಇದರಲ್ಲಿಯೂ ಸತ್ಯಾಂಶವಿದೆ, ಅದನ್ನು ಮುಚ್ಚಿಡುವದು ಸಲ್ಲ. ಆದರೆ ಹೆಣ್ಣಿಗೆ ಪಾಲು ಕೊಡಲು ಅವಳ ದೇಹವನ್ನು ಊರಿಗೆ ಒಪ್ಪಿಸಬೇಕಾದ ಕಾರಣವೇನು? ಕರ್ನಾಟಕದಲ್ಲಿ 1994ರ ತಿದ್ದುಪಡಿಯಿಂದಲೂ ಇಡಿಯ ದೇಶದಲ್ಲಿ 2005ರ ತಿದ್ದುಪಡಿಯಿಂದಲೂ ಹಿಂದೂ ಕುಟುಂಬದ ಪಿತ್ರಾರ್ಜಿತದಲ್ಲಿ ಮಗಳಿಗೆ ಮಗನಷ್ಟೇ ಹಕ್ಕು ಬಂದಿದೆ. ಹಕ್ಕನ್ನು ಮುತ್ತಿನ ಸರವಿಲ್ಲದೆಯೂ ಕೊಡಬಹುದೆಂಬದು ಇದರಿಂದ ಸಿದ್ಧವಾಯಿತು.

ಕುಡಿತದ ವಿಷಯದಲ್ಲಿಯೂ ಇದೇ ಪಾಠ. ಮುಂಬಯಿ ರಾಜ್ಯದಲ್ಲಿ 1950ರಲ್ಲಿ ಪೂರ್ಣ ಪಾನನಿರೋಧವು ಜಾರಿಗೆ ಬಂದಾಗ ಗೋಕಾಕವೂ ಅದರೊಳಗಿತ್ತು. ಅದು ಬಹುಕಾಲ ನಿಲ್ಲಲಿಲ್ಲ. 2007ರ ಜುಲೈ 1ರಿಂದ ಕರ್ನಾಟಕದಲ್ಲಿ ಸಾರಾಯಿಯ ಮಾರಾಟವನ್ನು ನಿಷೇಧಿಸಲಾಯಿತು. ಕುಡಿಯುವವರು ಅಗ್ಗದ ಬೇರೆ ಮದ್ಯಕ್ಕೆ ತಿರುಗಿಕೊಂಡರು. ಬೊಕ್ಕಸವು ಅಬಕಾರಿಯ ಉತ್ಪನ್ನವನ್ನು ನೆಚ್ಚಿಕೊಂಡಿರುವವರೆಗೆ ಸರಕಾರದ ಕೈಯೂ ಅರೆಮನಸ್ಸಿನದೇ. ಕುಡಿಯುವವನು "ನನ್ನ ದುಡ್ಡು" ಎನ್ನುವನು; ಆದರೆ ಸಂಬಳದ ದಿನ ಸಂಜೆ ಅಂಗಡಿಯಲ್ಲಿ ಕರಗಿದ ಆ ದುಡ್ಡಿನಲ್ಲಿ ಹೆಂಡತಿಯ ದುಡಿಮೆಯೂ ಮಗುವಿನ ಹಾಲೂ ಕೂಡಿರುತ್ತವೆ. ಈಚೆಗೆ ಕಿಸೆಯೊಳಗಿನ ದೂರವಾಣಿಯಲ್ಲಿಯೇ ಜೂಜೂ ಅಶ್ಲೀಲ ನೋಟಗಳೂ ಬಂದು ಕುಳಿತಿವೆ. ಇಲ್ಲಿ ಕಾವಲುಗಾರನಿಲ್ಲ, ನೋಡುವ ನೆರೆಯವನೂ ಇಲ್ಲ. ತನಗೆ ತಾನೇ ಕಾವಲಾಗಬೇಕು. ಹೊರಗಿನ ಕಟ್ಟಳೆಯು ಸಡಿಲಾದಷ್ಟೂ ಒಳಗಿನ ಕಟ್ಟಳೆಯು ಬಿಗಿಯಾಗಬೇಕಾಗುವದು. ಅದಾಗದಿದ್ದಲ್ಲಿ ಜನರು ಇನ್ನೊಬ್ಬ ಒಡೆಯನನ್ನು ಹುಡುಕಿಕೊಳ್ಳುವರು, ಅಥವಾ ಅವನೇ ಅವರನ್ನು ಹುಡುಕಿಕೊಂಡು ಬರುವನು.

ಆದಕಾರಣ ಪಟ್ಟಣದ ಗೃಹಸ್ಥರಲ್ಲಿಯೂ ಅಧಿಕಾರಿವರ್ಗದಲ್ಲಿಯೂ ನಮ್ಮ ಬಿನ್ನಹವಿಷ್ಟು. ಮುತ್ತು ಕಟ್ಟುವ ಸುದ್ದಿಯು ಕಿವಿಗೆ ಬಿದ್ದಾಗ ಅದು ಕೇರಿಯವರ ಸಂಗತಿಯೆಂದು ಸುಮ್ಮನಿರಬೇಡಿರಿ. ಮಾಜಿ ದೇವದಾಸಿಯರಿಗೆ ಸಲ್ಲಬೇಕಾದ ಮಾಸಾಶನವೂ ಮನೆಯೂ ಜಮೀನೂ ಕಾಗದದ ಮೇಲೆ ಉಳಿಯದಂತೆ ನೋಡಿರಿ. ವಯಸ್ಸಾದ ಹೆಣ್ಣುಮಗಳನ್ನು ಒಂದು ಮೊಹರಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಸಬೇಡಿರಿ. ಶಾಲೆಯಲ್ಲಿ ತಂದೆಯ ಹೆಸರು ಹೇಳಲಾರದ ಮಗುವನ್ನು ಎಲ್ಲರೆದುರು ನಿಲ್ಲಿಸಿ ಕೇಳಬೇಡಿರಿ; ಉತ್ತರ ಹೇಳಬೇಕಾದವನು ಆ ಮಗುವಲ್ಲ. ಇವೆಲ್ಲಕ್ಕಿಂತ ಮಿಗಿಲಾಗಿ, ಗಂಡಸರು ತಮ್ಮ ಗಂಡುಮಕ್ಕಳಿಗೆ ಬೇಡವೆನ್ನುವ ಶಕ್ತಿಯನ್ನು ಕಲಿಸಿಕೊಡಬೇಕು. ಅದನ್ನು ಮಾತಿನಿಂದ ಕಲಿಸಲಾಗದು, ನಡೆದು ತೋರಿಸಬೇಕು. ಘಟಪ್ರಭೆಯ ಹೆಣ್ಣುಮಕ್ಕಳು ತಮ್ಮ ಪಾಲಿನ ಕೆಲಸವನ್ನು ಮಾಡಿದ್ದಾರೆ. ಅವರು ಸರವನ್ನು ಬಿಚ್ಚಿದ್ದಾರೆ. ಆ ಸರವನ್ನು ಕಟ್ಟಿಸಿದ ಬಯಕೆಗೆ ಕಡಿವಾಣ ಹಾಕುವ ಕೆಲಸವು ಗಂಡಸರ ಪಾಲಿಗೆ ಉಳಿದಿದೆ. ಅದು ಆಗುವವರೆಗೆ ಸ್ವರಾಜ್ಯವು ಬಂದಿತೆಂದು ಹೇಳಿಕೊಳ್ಳುವ ಅಧಿಕಾರವು ನಮಗೆ ಪೂರ್ತಿಯಾಗಿ ಬಂದಿಲ್ಲವೆಂದೇ ತಿಳಿಯತಕ್ಕದ್ದು.